ಸತ್ತವಳ ನಗು

ಹೇಮಾವತಿಯ ಕೂದಲ ಮರೆಯಲ್ಲಿ ಕಟ್ಟಿದ್ದ ಭಾವಪಟ್ಟಿ ಕೆಲಸ ಶುರುಮಾಡಿತು. ಅದಕ್ಕೆ ಜೋಡಿಸಿದ್ದ ಯಂತ್ರದ ಗಾಜಿನ ಮೇಲೆ ಭಾವದ ಏರಿಳಿತ ತೋರುವ ಹಸಿರು ಗೆರೆಯೊಂದು ಮೂಡಿತು. ಪಟ್ಟಿ ನಟಿಯ ಒಳಗಿನ ಭಾವವನ್ನು ಹೀರಿ ಚಿತ್ರದ ಜೊತೆಗೇ ಮುದ್ರಿಸುತ್ತಿತ್ತು. ಚಿತ್ರಮಂದಿರದಲ್ಲಿ ಅಂಥದೇ ಪಟ್ಟಿ ಕಟ್ಟಿಕೊಂಡು ಕೂತವನ ಮೈಯೊಳಗೆ ಅದು ಹಾಗೆಯೇ ಇಳಿಯುತ್ತಿತ್ತು. ಭಾವ ಮಾತ್ರವಲ್ಲ, ಅದು ಯಾರ ಮೇಲಿನದು ಎಂಬುದೂ ಇಳಿಯುತ್ತಿತ್ತು.

ನಿರ್ದೇಶಕ ರುದ್ರಮುನಿ ವಯಸ್ಕರ ಚಿತ್ರಗಳಿಗೆ ಹೆಸರಾದವನು. ಈ ಚಿತ್ರದಲ್ಲಿ ಸಂಶಯಪಿಶಾಚಿ ಗಂಡನೊಬ್ಬ ಹೆಂಡತಿಯನ್ನು ನಗುನಗುತ್ತಲೇ ಹೆದರಿಸಿ ಹೆದರಿಸಿ, ಕಡೆಗೆ ಹಾಸಿಗೆಯಲ್ಲೇ ಕತ್ತು ಹಿಸುಕುತ್ತಾನೆ.

"ಗೆರೆ ಮೇಲಕ್ಕೆ ಏಳ್ತಾನೇ ಇಲ್ವಲ್ಲಮ್ಮ! ಏನು, ಗಂಡ ತಲೆ ನೇವರಿಸ್ತಾ ಇದಾನಾ?" ಎಂದು ರುದ್ರಮುನಿ ಗದರಿದ.

"ನಟನೆ ಪಟ್ಟಿ ದಾಟಲ್ಲ ಸಾರ್," ಎಂದಳು ಯಂತ್ರ ರೂಪಿಸಿದ ವಿಜ್ಞಾನಿ ವನಮಾಲಾ. "ನಿಜವಾಗಿ ಹುಟ್ಟಿದ್ದು ಮಾತ್ರ ದಾಟುತ್ತೆ."

"ಹಂಗಾದ್ರೆ ಹುಟ್ಟಿಸೋಣ ಬಿಡಿ."

ಗಂಡನ ಪಾತ್ರದ ಕುಬೇರಪ್ಪನ ಕಿವಿಯಲ್ಲಿ ರುದ್ರಮುನಿ ಏನೋ ಉಸುರಿದ. ಕ್ಯಾಮೆರಾ ಓಡಿತು. ಕುಬೇರಪ್ಪ ನಿಜವಾಗಿಯೇ ಹಿಸುಕಿದ. ಹೇಮಾವತಿ ಒದ್ದಳು, ಅವನ ಮುಖ ಪರಚಿದಳು. ನಾಲಿಗೆ ಹೊರಬಂತು. ಕುಬೇರಪ್ಪನ ಹೆಗಲಾಚೆ ರುದ್ರಮುನಿ 'ಇನ್ನೂ, ಇನ್ನೂ' ಎಂದು ಕೈಸನ್ನೆ ಮಾಡುತ್ತಿದ್ದುದನ್ನು ಅವಳು ಕಂಡಳು. ಗೆರೆ ಗಾಜಿನ ತುದಿ ಮುಟ್ಟಿತು.

"ಬಿಡ್ರೋ! ಸಾಯ್ತಾಳೆ!" ಎಂದು ವನಮಾಲಾ ಚೀರಿದ ಮೇಲೆಯೇ "ಕಟ್" ಬಂದದ್ದು.

ಸಾಯುವ ದೃಶ್ಯ ಮುಗಿದೊಡನೆ ಸತ್ತವರು ಕ್ಯಾಮೆರಾ ನೋಡಿ ನಗಬೇಕು, ಇಲ್ಲದಿದ್ದರೆ ಅಪಶಕುನ ಎಂಬುದು ಸಿನಿಮಾದವರ ಹಳೆಯ ನಂಬಿಕೆ.

"ನಗಮ್ಮ, ಶಾಸ್ತ್ರಕ್ಕೆ," ಎಂದ ರುದ್ರಮುನಿ.

ಹೇಮಾವತಿ ಅವನನ್ನೇ ನೆಟ್ಟ ಕಣ್ಣಿನಿಂದ ನೋಡಿದಳು. ಆಮೇಲೆ ಕ್ಯಾಮೆರಾದತ್ತ ತಿರುಗಿ ನಕ್ಕಳು. ಪಟ್ಟಿ ಬಿಚ್ಚಬೇಕೆಂದು ಯಾರಿಗೂ ಹೊಳೆಯಲಿಲ್ಲ.

ಆ ನಗು ರುದ್ರಮುನಿಗೆ ಎಷ್ಟು ಹಿಡಿಸಿತೆಂದರೆ ಪಟ್ಟಿ ಕಟ್ಟಿ ನೋಡದೆಯೇ ಅದನ್ನು ಚಿತ್ರದ ಕೊನೆಗೆ ಅಂಟಿಸಿದ. "ಸತ್ತವಳು ನಗ್ತಾಳೆ! ನೋಡೋರು ಉಚ್ಚೆ ಹುಯ್ಕೋಬೇಕು!"

ಮೊದಲ ಪ್ರದರ್ಶನಕ್ಕೆ ಹಂಚಿಕೆದಾರರೆಲ್ಲ ಪಟ್ಟಿ ಕಟ್ಟಿಕೊಂಡು ಕೂತರು. ಮುಂದಿನ ಸಾಲಿನಲ್ಲಿ ರುದ್ರಮುನಿ. ಹೇಮಾವತಿ ಮಾತ್ರ ಪಟ್ಟಿ ಮುಟ್ಟಲಿಲ್ಲ. ಕೊಲೆಯ ದೃಶ್ಯದಲ್ಲಿ ಎಲ್ಲರೂ ಕುರ್ಚಿ ಹಿಡಿದು ಏದುಸಿರು ಬಿಟ್ಟರು. ಹಿಂದೆಯೇ ತೆರೆಯ ಮೇಲೆ ನಗು ಬಂತು.

ಅದರಲ್ಲಿ ನಗುವೇ ಇರಲಿಲ್ಲ. ಇದ್ದದ್ದು ರುದ್ರಮುನಿಯನ್ನು ಕೊಲ್ಲಬೇಕೆಂಬ ಹಸಿ ದ್ವೇಷ. ಹಂಚಿಕೆದಾರರು ಕುರ್ಚಿ ಕಿತ್ತುಕೊಂಡು ಎದ್ದರು. ಒಬ್ಬ ಅವನ ಬೆನ್ನಿಗೆ ಒದ್ದ, ಇನ್ನೊಬ್ಬ ಬಾಟಲಿ ಎತ್ತಿ ತಲೆಗೆ ಬಾರಿಸಿದ. ಆದರೆ ಅವನ ಕುತ್ತಿಗೆಗೆ ಎಲ್ಲರಿಗಿಂತ ಮೊದಲು ಬಿದ್ದ ಕೈಗಳು ಅವನವೇ. ಪಟ್ಟಿ ಅವನ ತಲೆಗೂ ಇತ್ತಲ್ಲ!

ವನಮಾಲಾ ಯಂತ್ರ ಆರಿಸಿದಳು. ಜನ ಬೆಪ್ಪಾಗಿ ನಿಂತರು. ರುದ್ರಮುನಿಯ ಬೆರಳುಗಳು ಮಾತ್ರ ಸೆಟೆದುಕೊಂಡು ಸಡಿಲಲೇ ಇಲ್ಲ. ಮುಖ ನೀಲಿಗಟ್ಟಿ ನೆಲಕ್ಕೆ ಉರುಳಿದ.

ಹೇಮಾವತಿ ಓಡಿಬಂದು ಅವನ ಎದೆಯ ಮೇಲೆ ಮಂಡಿಯೂರಿದಳು. ಒಂದೊಂದೇ ಬೆರಳನ್ನು ಕಿತ್ತಳು.

"ಬಿಡೋ ಮುಂಡೇದೇ! ಈ ಕೆಲಸ ನಂದು, ನಿಂದಲ್ಲ!"

ಹೆಬ್ಬೆರಳು ಬರಲಿಲ್ಲ. ಅದನ್ನು ಲಟಕ್ಕನೆ ಮುರಿದಳು. ರುದ್ರಮುನಿಗೆ ಉಸಿರು ಬಂತು.