ಪುಟ ನಲವತ್ತೊಂದು

2025ರ ಅಕ್ಟೋಬರ್ 14, ಬೆಳಿಗ್ಗೆ 10.20. ಯೂನಿಯನ್ ಸಿಟಿಯ ಬಸ್ ಚಾಲಕ ತೆಸ್ಫಾಯೆ ಫೆಡರಲ್ ತನಿಖಾಧಿಕಾರಿ ಆರತಿಯ ಎದುರು ಕೂತು ದೂರು ಬರೆಸಿದ. ಮಿಲ್ಪಿಟಾಸ್ ಮಾಲ್‌ನ ಉಚಿತ ಆರೋಗ್ಯ ತಪಾಸಣೆಯಲ್ಲಿ ಭಾರತೀಯ ವೈದ್ಯರೊಬ್ಬರು ಅವನ ಹೆಬ್ಬೆರಳಿನ ಉಗುರು ಒತ್ತಿ ಬಿಟ್ಟು, ರಕ್ತ ಮರಳುವುದನ್ನು ನೋಡುತ್ತ ಬಾಯಲ್ಲೇ ಮೂರರವರೆಗೆ ಎಣಿಸಿದ್ದರು. 1989ರಲ್ಲಿ, ಇಥಿಯೋಪಿಯಾದ ಅಂತರ್ಯುದ್ಧದ ಕೈದಿಗಳ ಶಿಬಿರದಲ್ಲಿ, ಅದೇ ವೈದ್ಯರು, ಜೊತೆಗೇ ಸೆರೆಯಲ್ಲಿದ್ದ ತೆಸ್ಫಾಯೆಯ ಕಣ್ಣೆದುರು, ಅವನ ಅಣ್ಣ ಗೆಬ್ರೆಯ ಉಗುರನ್ನು ಹಾಗೇ ಒತ್ತಿ, "ಇನ್ನೂ ತಡೆದುಕೊಳ್ಳುತ್ತಾನೆ" ಎಂದು ಸೈನಿಕರಿಗೆ ಹೇಳಿದ್ದರು. ಹಿಂಸೆ ಮುಂದುವರಿಯಿತು. ಗೆಬ್ರೆ ನಾಲ್ಕನೇ ದಿನ ಸತ್ತ.

"ಕೋರ್ಟಿನಲ್ಲಿ ಅಣ್ಣನ ಹೆಸರು ಓದಬೇಕು. ಅಷ್ಟೇ," ಎಂದ ತೆಸ್ಫಾಯೆ.

ಆರತಿಗೆ ಪೂರ್ತಿ ನಂಬಿಕೆ ಬರಲಿಲ್ಲ. ಯಾವ ಡಾಕ್ಟರು ಉಗುರು ಒತ್ತಿ ನೋಡುವುದಿಲ್ಲ? ಆದರೂ ತಪಾಸಣೆ ನಡೆಸಿದ ವೈದ್ಯರ ಪೌರತ್ವದ ಕಡತ ತೆಗೆಸಿದಳು. ಡಾ. ಶ್ರೀಕಂಠ, ಫ್ರೀಮಾಂಟ್, ಮೂಲ ಹಾಸನ. 2015ರ ನವೆಂಬರ್ 3ರಂದು ಪೌರತ್ವ. ಸೆರೆಶಿಬಿರದಲ್ಲಿ ಕೆಲಸ ಮಾಡಿದ್ದುಂಟೇ ಎಂಬ ಪ್ರಶ್ನೆಗೆ 'ಇಲ್ಲ'. ಅದು ಸುಳ್ಳೆಂದು ಹತ್ತು ವರ್ಷದೊಳಗೆ ಆರೋಪ ಹೊರಿಸದಿದ್ದರೆ ಕೇಸು ಬಿದ್ದುಹೋಗುತ್ತದೆ. ಉಳಿದದ್ದು ಇಪ್ಪತ್ತು ದಿನ.

ಅಕ್ಟೋಬರ್ 17, ಸಂಜೆ 4.00, ವೈದ್ಯರ ಮನೆ.

"ಇಥಿಯೋಪಿಯಾದಲ್ಲಿ ಎಲ್ಲಿದ್ರಿ, ಡಾಕ್ಟ್ರೇ?"

"ಜನರಲ್ ಹಾಸ್ಪಿಟಲು. ಹೆರಿಗೆ ಮಾಡಿಸ್ತಿದ್ದೆ."

"ಸೈನ್ಯದ ಜೊತೆ?"

"ಇಲ್ಲಮ್ಮ. ನಿಮ್ಮದು ಯಾವ ಊರು?"

ಊರು ಕೇಳಿ ನಂಟು ಹಚ್ಚಿ ಮಾತು ತಪ್ಪಿಸುವ ಈ ವರಸೆ ಆರತಿಗೆ ಹೊಸದಲ್ಲ. ಅವಳ ಅನುಮಾನ ಗಟ್ಟಿಯಾಯಿತು. ಗೋಡೆಯ ಮೇಲೆ ಶಾಲು ಹೊದ್ದ ವೈದ್ಯರ ಫೋಟೊ ಇತ್ತು.

"ಕನ್ನಡ ಸಂಘದಲ್ಲಿ ಇವರಿಗೆ ಸನ್ಮಾನ ಮಾಡಿದ್ರು," ಎಂದರು ಹೆಂಡತಿ ಸೌದಾಮಿನಿ, ಕಾಫಿ ಕೊಡುತ್ತ.

ಸನ್ಮಾನವಿದ್ದಲ್ಲಿ ಸ್ಮರಣ ಸಂಚಿಕೆ ಇರುತ್ತದೆ. ಅದರಲ್ಲಿ ಸನ್ಮಾನಿತರ ಹೊಗಳಿಕೆಯನ್ನು ಹೆಚ್ಚಾಗಿ ಸನ್ಮಾನಿತರೇ ಬರೆದುಕೊಟ್ಟಿರುತ್ತಾರೆ. ನಮ್ಮ ಸಂಘಗಳಲ್ಲಿ ಇದು ಎಲ್ಲರಿಗೂ ಗೊತ್ತಿರುವ ಗುಟ್ಟು.

ಸಂಚಿಕೆಯ ಸಂಪಾದಕ ಮುನಿರಾಜು ತಮ್ಮ ಗ್ಯಾರೇಜಿನಿಂದ ಹಳೆಯ ಪ್ರತಿಗಳ ಡಬ್ಬ ಹೊರತಂದರು. "ಯಾರೂ ಓದಲ್ಲ ಮೇಡಂ. ನಾನೇ ಪೂರ್ತಿ ಓದಿಲ್ಲ."

ಪುಟ 41: 'ಇಥಿಯೋಪಿಯಾ ಸೇನೆಯ ಸೆರೆಶಿಬಿರದಲ್ಲಿ ಎರಡು ವರ್ಷ ಏಕೈಕ ವೈದ್ಯಾಧಿಕಾರಿಯಾಗಿ ಅಮೋಘ ಸೇವೆ.' ಶ್ರೀಕಂಠರ ಕೈಬರಹದ ಪ್ರತಿಯೂ ಡಬ್ಬದಲ್ಲೇ ಸಿಕ್ಕಿತು. ಆರತಿ ಎರಡನ್ನೂ ಜಪ್ತಿ ಪಟ್ಟಿಗೆ ಸೇರಿಸಿದಳು.

ಅಕ್ಟೋಬರ್ 31, ಬೆಳಿಗ್ಗೆ 7.10ಕ್ಕೆ ಬಂಧನ.

"ಕನ್ನಡದಲ್ಲಿ ಬರೆದದ್ದು," ಎಂದರು ಶ್ರೀಕಂಠ ಕಾರಿನಲ್ಲಿ. "ಗೌರ್ಮೆಂಟಿನವರು ಓದ್ತಾರೆ ಅಂದ್ಕೊಂಡಿರ್ಲಿಲ್ಲ." ನಂತರ ಅವರೇ ಹೇಳಿದರು: "ಶಿಬಿರದಲ್ಲಿ ಮೊದಲನೇ ದಿನ ಒಬ್ಬ ಕೈದಿ ಇನ್ನು ತಡ್ಕೊಳ್ಳಲ್ಲ ಅಂದೆ. ಅವನ ಜಾಗದಲ್ಲಿ ನನ್ನನ್ನೇ ಕೂಡಿಹಾಕಿದ್ರು. ಆಮೇಲೆ ಯಾರಿಗೂ ಹಾಗನ್ನಲಿಲ್ಲ."

ಆ ಭಯ ಆರತಿಗೆ ಅರ್ಥವಾಯಿತು. 'ಅಮೋಘ' ಎಂದು ಬರೆದ ಕೈ ಮಾತ್ರ ಅರ್ಥವಾಗಲಿಲ್ಲ.

ಮಧ್ಯಾಹ್ನ ಅವಳು ತೆಸ್ಫಾಯೆಗೆ ಫೋನ್ ಮಾಡಿ, ಕೋರ್ಟಿನಲ್ಲಿ ಓದಿದ ಆರೋಪಪಟ್ಟಿಯಿಂದ ಗೆಬ್ರೆಯ ಹೆಸರಿದ್ದ ಸಾಲನ್ನು ಓದಿದಳು. ಅವನು ಇನ್ನೊಂದು ಸಲ ಓದಿ ಎಂದ. ಅವಳು ಓದಿದಳು.