ಮೂರನೆಯ ಸಾಲು

ಅಡುಗೆಮನೆಯ ಗೋಡೆಯಾಚೆ ಕ್ಲೋವಿಸ್ ನನ್ನ ಹೆಸರು ಹಿಡಿದು ಹಾಡುತ್ತಿದ್ದ.

ನಾನು ಬೆಂಡೆಕಾಯಿ ಹೆಚ್ಚುತ್ತಿದ್ದೆ. "ವರ್ಲೀ, ಓ ವರ್ಲೀ" ಎಂದು ಆ ಒರಟು ಗಂಟಲು ಗಿಟಾರಿನ ಜೊತೆ ಎಳೆದಾಗ ಕಿವಿ ಬಿಸಿಯಾಯಿತು. ವರ್ಷಗಟ್ಟಲೆ ಕಣ್ಣಲ್ಲೇ ಕೀಟಲೆ ಮಾಡಿಕೊಂಡಿದ್ದವನು ಕೊನೆಗೂ ಬಾಯಿಬಿಟ್ಟನಲ್ಲ ಎಂದುಕೊಂಡೆ.

ಒಲೆಯ ಮುಂದಿದ್ದ ನನ್ನ ಧರ್ಮತಾಯಿ, ನನಾನ್ ಯೂಲಾ, ಸೌಟು ಕೆಳಗಿಟ್ಟಳು. ಚರ್ಚಿನಲ್ಲಿ ನನಗೆ ಹೆಸರಿಟ್ಟ ದಿನ ನನ್ನನ್ನು ಎತ್ತಿಕೊಂಡಿದ್ದವಳು ಅವಳೇ; ಓಪಲೂಸಾಸ್ ಊರಿನ ಈ ಡ್ಯಾನ್ಸ್ ಹಾಲೂ ಅವಳದೇ.

"ಹಲ್ಲು ಕಿರೀಬೇಡ ಕಣೇ," ಎಂದಳು. "ರೇಮಂಡ್ ಗತಿ ಏನಾಯ್ತು, ಮರೆತ್ಯಾ?"

ಮರೆತಿರಲಿಲ್ಲ. ಕ್ಲೋವಿಸ್ ತನ್ನ ತಮ್ಮ ರೇಮಂಡನ ಹೆಸರಿಟ್ಟು ಹಾಡು ಕಟ್ಟಿದ್ದ. ಸಿಗಡಿ ಹಿಡಿಯಲು ಹೋದ ದೋಣಿ ವಾಪಸ್ ಬಂತು, ರೇಮಂಡ್ ಬರಲಿಲ್ಲ. ಎಲೋಡಿ ಎಂಬವಳ ಮೇಲೆ ಕಟ್ಟಿದ; ಅವಳು ಆ ಚಳಿಗಾಲ ದಾಟಲಿಲ್ಲ. ಅವನ ರಿದಮ್ ಅಂಡ್ ಬ್ಲೂಸ್ ಹಾಡುಗಳು ಲೇಕ್ ಚಾರ್ಲ್ಸ್‌ನಿಂದ ಬೋಮಾಂಟ್‌ವರೆಗಿನ, ಕಾಸು ಹಾಕಿದರೆ ಹಾಡುವ ಎಲ್ಲ ಜೂಕ್‌ಬಾಕ್ಸ್‌ಗಳಲ್ಲೂ ಇದ್ದವು, ಅದರಾಚೆ ಅವನು ಯಾರೆಂದು ಒಂದು ನರಪಿಳ್ಳೆಗೂ ಗೊತ್ತಿರಲಿಲ್ಲ. ನಮ್ಮ ಜನ ಅವಕ್ಕೆ ಮೈಮರೆತು ಕುಣಿಯುತ್ತಿದ್ದರು. ಆದರೆ ಅವನೆದುರು ತಮ್ಮ ಮಕ್ಕಳನ್ನು ಹೆಸರು ಹಿಡಿದು ಕರೆಯುತ್ತಿರಲಿಲ್ಲ.

ಹೊರಗೆ ಆಕಾಶ ಹಳದಿಗಟ್ಟಿತ್ತು. ಚರಂಡಿಯ ಕೆಂಪು ಸಿಗಡಿಗಳು ನೀರು ಬಿಟ್ಟು ರಸ್ತೆ ದಾಟುತ್ತಿದ್ದವು; ಬಿರುಗಾಳಿ ಬರುವ ಲಕ್ಷಣ. ನಾನು ಚಾಕು ಇಟ್ಟು ಹಾಲಿಗೆ ಹೋದೆ.

"ನನ್ನ ಹೆಸರು ಯಾಕೆ ತಗೊಂಡೆ?"

"ಬೇರೆ ಯಾವ್ದೂ ಬಾಯಿಗೆ ಬರ್ತಾ ಇಲ್ಲ."

"ಅಷ್ಟು ಇಷ್ಟ ಇದ್ರೆ ಎದುರಿಗೆ ಬಂದು ಹೇಳು. ಗೋಡೆಗೆ ಯಾಕೆ ಹೇಳ್ತೀಯ?"

"ಗೋಡೆ ತಿರುಗಿ ಬೈಯಲ್ಲ."

ಸಿಟ್ಟಿನಲ್ಲೂ ನಗು ಬಂತು. ಅವನು ಜೇಬಿನಿಂದ ಬಿಳಿ ಕರವಸ್ತ್ರ ತೆಗೆದು ನನ್ನ ಕೈಗೆ ಅಂಟಿದ್ದ ಬೆಂಡೆಕಾಯಿಯ ಲೋಳೆ ಒರೆಸತೊಡಗಿದ. ಒಂದು ಬೆರಳು, ಆಮೇಲೆ ಇನ್ನೊಂದು, ಏನೂ ಅವಸರವಿಲ್ಲದವನಂತೆ. ಬಿಡಿಸಿಕೊಳ್ಳಲು ನನಗೂ ಅವಸರವಿರಲಿಲ್ಲ.

"ಪೂರ್ತಿ ಹಾಡು, ಕೇಳೋಣ," ಎಂದೆ.

ನಮ್ಮ ಕಡೆ ಹಾಡು ಕಟ್ಟುವ ರೀತಿಯೇ ಹಾಗೆ: ಮೊದಲ ಸಾಲನ್ನು ಎರಡು ಸಲ ಹಾಡುತ್ತಾರೆ, ಮೂರನೆಯ ಸಾಲು ಅದಕ್ಕೆ ಉತ್ತರ. "ವರ್ಲೀ, ನೀರು ಮೆಟ್ಟಿಲಿಗೆ ಬಂತು, ದೀಪ ಹಿಡಿದು ಎಲ್ಲಿಗೆ ಹೊರಟೆ" ಎಂದು ಹಾಡಿದ. ಮತ್ತೆ ಅದನ್ನೇ ಹಾಡಿದ. ಮೂರನೆಯದಕ್ಕೆ ಬಾಯಿ ತೆರೆದವನು ಮುಚ್ಚಿಕೊಂಡ.

"ಆಮೇಲೆ?"

"ಇನ್ನೂ ಬಂದಿಲ್ಲ."

"ಸುಳ್ಳು. ಮೂರನೇದೇ ಮೊದಲು ಹೊಳೆಯೋದು ಅಂತ ನೀನೇ ಹೇಳಿದ್ದೆ."

ಅವನು ನನ್ನ ಕೈ ಬಿಟ್ಟ. "ರೇಮಂಡ್‌ದೂ ಹೀಗೇ ಬಂತು ವರ್ಲೀ. ನಾನು ಯೋಚ್ನೆ ಮಾಡಿ ಕಟ್ಟಿದ್ದಲ್ಲ. ಎದ್ದಾಗ ಬಾಯಲ್ಲಿ ಇತ್ತು. ಮೂರನೇ ಸಾಲಲ್ಲಿ ಏನು ಹಾಡಿದ್ನೋ ಅವನಿಗೆ ಅದೇ ಆಯ್ತು. ಯಾರ ಮೇಲೆ ಮನಸ್ಸು ಹೋಗುತ್ತೋ ಅವರ ಹೆಸರೇ ಬರುತ್ತೆ. ಅದಕ್ಕೇ ಇಷ್ಟು ವರ್ಷ ನಿನ್ನಿಂದ ದೂರ ಇದ್ದೆ."

"ಹಾಗಾದ್ರೆ ಹಾಡಬೇಡ."

"ಇವತ್ತು ರೆಕಾರ್ಡಿನವನು ಹಾಡು ಹಿಡಿಯೋ ಮೆಶೀನ್ ತರ್ತಾನೆ. ಹೊಸ ಹಾಡು ಇಲ್ಲ ಅಂದ್ರೆ ಮತ್ತೆ ಈ ಕಡೆ ತಲೆ ಹಾಕಲ್ಲ. ನನ್ನ ಹತ್ರ ಇರೋದು ಇದೊಂದೇ."

ನನಗೆ ಭಯವಾಯಿತು. ಆ ಭಯದಲ್ಲೇ ಅವನನ್ನು ತಬ್ಬಿಕೊಳ್ಳಬೇಕೆನಿಸಿತು, ಅದೆಂಥ ಹುಚ್ಚೋ. ಏನೂ ಮಾಡದೆ ಅಡುಗೆಮನೆಗೆ ಹೋಗಿ ಉಳಿದ ಬೆಂಡೆಕಾಯಿ ಹೆಚ್ಚಿದೆ.

ಮಧ್ಯಾಹ್ನ ರೆಕಾರ್ಡಿನವನು ಬಂದ. ಆಗಲೇ ಗಾಳಿಗೆ ಮಾಡಿನ ತಗಡು ಬಡಿದುಕೊಳ್ಳುತ್ತಿತ್ತು. "ಬೇಗ ಮುಗಿಸಪ್ಪ, ರಸ್ತೆ ಮುಳುಗೋ ಮೊದಲು ನಾನು ಹೊರಡ್ಬೇಕು. ಎರಡನೇ ಸಲ ತಗೊಳ್ಳೋಕೆ ಪುರುಸೊತ್ತಿಲ್ಲ," ಎಂದು ಮೈಕು ನಿಲ್ಲಿಸಿದ.

ಕ್ಲೋವಿಸ್ ಹಾಡಿದ. ಮೊದಲ ಸಾಲು ಎರಡು ಸಲ ಬಂತು. ಮೂರನೆಯದರ ಜಾಗದಲ್ಲಿ ತುಟಿ ಬಿಗಿದು ಬರೀ ಗಿಟಾರ್ ನುಡಿಸಿದ. ರೆಕಾರ್ಡಿನವನು ಹುಬ್ಬು ಗಂಟಿಕ್ಕಿದ. ಎರಡನೆಯ ಚರಣದಲ್ಲೂ ಹಾಗೇ ಆಯಿತು. ಕೊನೆಯ ಚರಣಕ್ಕೆ ಬರುವಾಗ ಕ್ಲೋವಿಸನ ಕತ್ತಿನ ನರ ಉಬ್ಬಿತ್ತು, ಹಣೆಯಿಂದ ಬೆವರಿಳಿಯುತ್ತಿತ್ತು. ಆ ಸಾಲು ಒಳಗಿನಿಂದ ತಳ್ಳುತ್ತಿರುವುದು ನನಗೆ ಕಾಣುತ್ತಿತ್ತು. ಅವನ ಬಾಯಿ ತೆರೆಯಿತು.

ಬಾಗಿಲಲ್ಲಿ ನಿಂತಿದ್ದ ನಾನು ಹಾಡಿಬಿಟ್ಟೆ. ಯಾವತ್ತೂ ಮೈಕಿನ ಮುಂದೆ ಹಾಡಿದವಳಲ್ಲ, ಶ್ರುತಿಯೂ ಸರಿಯಿರಲಿಲ್ಲ.

"ಎಲ್ಲಿಗೂ ಹೋಗಲ್ಲ ಕಣೋ, ದೀಪ ನಿನಗೇ ಹಚ್ಚಿದ್ದು, ಒಳಗೆ ಬಾ."

ತೆರೆದ ಬಾಯಿ ತೆರೆದೇ ಇತ್ತು, ದನಿ ಮಾತ್ರ ಬರಲಿಲ್ಲ. ಅವನ ಕಣ್ಣು ತುಂಬಿತ್ತು. ನನಾನ್ ಎದೆಯ ಮೇಲೆ ಶಿಲುಬೆಯ ಗುರುತು ಹಾಕಿಕೊಂಡಳು.

"ಈ ಹುಡುಗಿ ಯಾರು?" ಎಂದ ರೆಕಾರ್ಡಿನವನು.

"ನನ್ನ ಹೆಂಡ್ತಿ," ಎಂದ ಕ್ಲೋವಿಸ್. ಆಗಿನ್ನೂ ಅದು ಸುಳ್ಳು.

ಅವತ್ತು ನೀರು ಮೆಟ್ಟಿಲವರೆಗೂ ಬಂದು ನಿಂತಿತು. ನಾನು ಹೊಸ್ತಿಲು ದಾಟಲಿಲ್ಲ.

ಈಗ ಜೂಕ್‌ಬಾಕ್ಸಿನಲ್ಲಿ ಆ ಹಾಡು ಬಂದರೆ ಖಾಲಿ ಬಿಟ್ಟ ಸಾಲುಗಳಿಗೆ ನಮ್ಮ ಹೆಂಗಸರು ತಮಗೆ ತೋಚಿದ್ದನ್ನು ಕೂಗಿ ನಗುತ್ತಾರೆ. ಕ್ಲೋವಿಸನಿಗೆ ಅದಕ್ಕಿಂತ ದೊಡ್ಡ ಹೆಸರು ತಂದ ಹಾಡು ಬೇರೆ ಇಲ್ಲ. ಅವನ ಬಾಯಲ್ಲಿದ್ದ ಸಾಲು ಏನೆಂದು ನಾನು ಕೇಳಿಲ್ಲ, ಅವನೂ ಹೇಳಿಲ್ಲ. ಮದುವೆಯಾಗಿ ಇಷ್ಟು ವರ್ಷವಾದರೂ ಅದು ಅವನ ಗಂಟಲಲ್ಲೇ ಇದೆ. ಆಕಾಶ ಹಳದಿಗಟ್ಟಿದ ದಿನ ಗಡ್ಡ ಬೋಳಿಸಿಕೊಳ್ಳುತ್ತಾ, ತನಗೇ ಗೊತ್ತಿಲ್ಲದಂತೆ ಮೊದಲ ಸಾಲು ಗುನುಗುತ್ತಾನೆ. ಮತ್ತೆ ಅದನ್ನೇ ಗುನುಗುತ್ತಾನೆ. ನಾನು ಒಲೆಯ ಮೇಲಿದ್ದದ್ದನ್ನು ಹಾಗೇ ಬಿಟ್ಟು ಓಡುತ್ತೇನೆ, ಮೂರನೆಯದನ್ನು ಅವನಿಗಿಂತ ಮೊದಲು ಹಾಡಲು.

ಇವತ್ತು ಬೆಳಿಗ್ಗೆಯೂ ಓಡಿದೆ.