ಒಂದನೇ ನಂಬರಿನ ಕಬ್ಬಿಣ

ಬೆಳಿಗ್ಗೆ ಹತ್ತಕ್ಕೆ ಫಿಟ್ಟರ್ ಕೆಲಸದ ಪರೀಕ್ಷಕರು ಒಂದನೇ ನಂಬರಿನ ಕಬ್ಬಿಣದ ಜೋಡಿಯನ್ನು ಬೆಳಕಿಗೆ ಹಿಡಿದರು. ಒಂದರೊಳಗೊಂದು ಬಿಗಿಯಾಗಿ ಕೂರಬೇಕಾದ ಎರಡು ತುಂಡುಗಳ ನಡುವೆ ಬೀಡಿ ತೂರಿಸುವಷ್ಟು ಸಂದಿತ್ತು. ಒಂದನೇ ನಂಬರು ಶಿವಬರನ್ ಕುಶವಾಹನದು. ಅವನು ನೇರ ನಮ್ಮ ಕುಲುಮೆಗೆ ಬಂದು ನಿಂತ.

"ಅಬ್ರಾರ್ ಚಾಚಾ, ಅದು ನನ್ನ ಕೈಕೆಲಸ ಅಲ್ಲ," ಎಂದ.

ಕಾನ್ಪುರದ ಹೊರಗಿದ್ದ ನಮ್ಮ ಸರಕಾರಿ ಬಸ್ ವರ್ಕ್‌ಶಾಪಿನಲ್ಲಿ ಏನು ಕಳುವಾದರೂ, ಯಾರು ಸುಳ್ಳು ಹೇಳಿದರೂ ಜನ ಹುಡುಕಿಕೊಂಡು ಬರುತ್ತಿದ್ದದ್ದು ಕಮ್ಮಾರ ಅಬ್ರಾರ್ ಹುಸೇನರನ್ನು. ನಾನು ಛೇದಿ, ಅವರಿಗೆ ಸಮ್ಮಟಿಗೆ ಹೊಡೆಯುವವನು.

ಶಿವಬರನ್ ಇಲ್ಲೇ ಅಪ್ರೆಂಟಿಸ್ ಆಗಿ ಕಲಿತವನು. ಕಲಿಸಿ ಕೈ ತೊಳೆದುಕೊಂಡವರು ಅವನನ್ನು ಐದು ವರ್ಷ ಗೇಟಿನ ಹೊರಗೇ ನಿಲ್ಲಿಸಿದ್ದರು. ಹಿಂದಿನ ವರ್ಷ ದಿಲ್ಲಿಯ ದೊಡ್ಡ ಕೋರ್ಟು ತೀರ್ಪು ಕೊಟ್ಟಿತು: ಉಳಿದೆಲ್ಲ ಸಮವಿದ್ದರೆ ತರಬೇತಿ ಪಡೆದವನಿಗೇ ಮೊದಲ ಆದ್ಯತೆ, ತರಬೇತಿಯ ಅವಧಿಯಷ್ಟು ವಯಸ್ಸಿನ ಮಿತಿಯಲ್ಲಿ ಸಡಿಲಿಕೆ. ಆ ಸಡಿಲಿಕೆಯೂ ಅವನಿಗೆ ಆ ತಿಂಗಳು ಮುಗಿಯುತ್ತಿತ್ತು. ಇದು ತಪ್ಪಿದರೆ ಮತ್ತೆ ಸರಕಾರಿ ಕೆಲಸವೆಂಬ ಮಾತೇ ಇಲ್ಲ.

ಇದ್ದದ್ದು ಒಂದೇ ಫಿಟ್ಟರ್ ಹುದ್ದೆ. ಬರವಣಿಗೆಯ ಪರೀಕ್ಷೆಯಲ್ಲಿ ಶಿವಬರನ್‌ಗೂ ಏಳು ವರ್ಷದಿಂದ ದಿನಗೂಲಿ ಮಾಡುತ್ತಿದ್ದ ರಾಮ್‌ಫೇರ್‌ಗೂ ಸಮ ಅಂಕ. ಮೂರನೆಯವನು, ಮ್ಯಾನೇಜರ್ ಬಾಜಪೇಯಿಯ ಸೋದರಳಿಯ, ಬಹಳ ಹಿಂದಿದ್ದ. ಆದರೆ ಕೈಕೆಲಸದ ಪರೀಕ್ಷೆಗೆ ಹಿಂದಿನ ದಿನ ಮೂವರೂ ಅರದಿಂದ ಉಜ್ಜಿ ಮಾಡಿದ ತುಂಡುಗಳನ್ನು ರಾತ್ರಿ ಇಟ್ಟಿದ್ದ ಕಪಾಟು ಇದ್ದದ್ದು ಬಾಜಪೇಯಿಯ ಕೋಣೆಯಲ್ಲಿ. ನನಗೆ ಅಷ್ಟೇ ಸಾಕಿತ್ತು. ಸಮ್ಮಟಿಗೆ ಹಿಡಿದೇ ಹೊರಟಿದ್ದೆ.

"ಅದನ್ನ ಕೆಳಗಿಡೋ, ಬೆಂಕಿಪೊಟ್ಣ," ಎಂದರು ಚಾಚಾ. "ಮೊದ್ಲು ಕಬ್ಬಿಣ ನೋಡೋಣ, ಕೊರಳಪಟ್ಟಿ ಆಮೇಲೆ ಹಿಡಿಯೋವಂತೆ."

ರಾತ್ರಿಯಿಡೀ ಮಳೆ ಸುರಿದಿತ್ತು. ಮೂರೂ ಜೋಡಿಗಳ ಮೇಲೆ ಕಂದು ತುಕ್ಕಿನ ತೆಳು ಪದರವಿತ್ತು. ಹಿಂದಿನ ದಿನ ಅರ ಹಿಡಿಯುವ ಮೊದಲೇ ಪರೀಕ್ಷಕರು ಎಲ್ಲ ತುಂಡುಗಳಿಗೂ ನಂಬರ್ ಹೊಡೆಸಿದ್ದರು. ಎರಡು, ಮೂರನೇ ಅಂಕಿಗಳ ಕುಳಿಯೊಳಗೂ ತುಕ್ಕಿತ್ತು. ಒಂದನೆಯದರ ಕುಳಿ ಮಾತ್ರ ಹೊಸ ಮೊಳೆಯಂತೆ ಹೊಳೆಯುತ್ತಿತ್ತು. ಚಾಚಾ ಅದನ್ನು ಬಹಳ ಹೊತ್ತು ನೋಡಿ, ಶಿವಬರನ್ ನಿನ್ನೆ ತನ್ನ ತುಂಡಿಗೆ ಎಣ್ಣೆ ಸವರಿದ್ದನೇ ಎಂದು ಕೇಳಿದರು. ಸವರಿದ್ದೆ, ಇಲ್ಲಿ ಕಲಿಸಿದ್ದೇ ಹಾಗಲ್ಲವೇ ಎಂದ ಅವನು.

ಅಲ್ಲಿಂದ ಟೂಲ್ ರೂಮಿಗೆ ಹೋದೆವು. ಗೋಡೆಯ ಮೇಲೆ ಕೀಲಿಗಳ ಸಾಲು ತೂಗುತ್ತಿತ್ತು. ಅದನ್ನು ಮೂವತ್ತು ವರ್ಷದಿಂದ ನೋಡಿಕೊಳ್ಳುತ್ತಿದ್ದ ಗನೇಸಿ ಕಾಕಾ ರಾಮ್‌ಫೇರ್‌ಗೆ ಹೆಣ್ಣು ಕೊಟ್ಟ ಮಾವ. ಇವತ್ತು ಬೆಳಿಗ್ಗೆ ಯಾರಾದರೂ ಕಬ್ಬಿಣಕ್ಕೆ ಅಂಕಿ ಹೊಡೆಯುವ ನಂಬರ್ ಪಂಚ್ ಒಯ್ದಿದ್ದರೇ ಎಂದು ಚಾಚಾ ಕೇಳಿದರು. ಕಾಕಾ ಎದೆ ಸೆಟೆಸಿ ಪುಸ್ತಕ ತೆರೆದರು.

"ನನ್ನ ಕೋಣೆಯಿಂದ ಸಹಿ ಇಲ್ದೆ ಒಂದು ಸೂಜಿನೂ ಹೊರಗೆ ಹೋಗಲ್ಲ ಅಬ್ರಾರ್. ಸಾಹೇಬ್ರು ಬಂದ್ರೂ ಸಹಿ ಹಾಕ್ಬೇಕು. ನೋಡು, ಇವತ್ತಿನ ಪುಟ ಖಾಲಿ."

ಚಾಚಾ ಪರೀಕ್ಷಕರನ್ನೂ ಬಾಜಪೇಯಿಯನ್ನೂ ಮೂವರು ಅಭ್ಯರ್ಥಿಗಳನ್ನೂ ಅಲ್ಲಿಗೇ ಕರೆಸಿದರು.

"ರಾತ್ರಿ ತುಕ್ಕು ಹಿಡಿದ್ಮೇಲೆ ಹೊಡೆದ ನಂಬರ್ ಇದು. ಅಂದ್ರೆ ಇವತ್ತು ಬೆಳಿಗ್ಗೆದು. ಶಿವಬರನ್ ತನ್ನ ತುಂಡಿಗೆ ಎಣ್ಣೆ ಸವರಿದ್ದ, ಅದಕ್ಕೆ ತುಕ್ಕೇ ಹಿಡೀಬಾರ್ದಿತ್ತು. ಯಾರೋ ಹಾಳುಮಾಡಿ ಬಿಸಾಕಿದ ತುಂಡನ್ನ ತಂದು ಬದಲಾಯಿಸಿದಾರೆ," ಎಂದರು. "ಸಾಹೇಬ್ರ ಸೋದರಳಿಯನಿಗೆ ಇದ್ರಿಂದ ಲಾಭ ಇಲ್ಲ. ಶಿವಬರನ್ ಬಿದ್ರೂ ರಾಮ್‌ಫೇರ್ ಮುಂದಿರ್ತಾನೆ. ಪಂಚ್ ಇರೋದು ಇಲ್ಲಿ. ಕಪಾಟಿನ ಎರಡನೇ ಕೀಲಿ ತೂಗುಹಾಕಿರೋದೂ ಇಲ್ಲೇ, ಈ ಗೋಡೆ ಮೇಲೆ. ಸಹಿ ಇಲ್ದೆ ಎರಡನ್ನೂ ಮುಟ್ಟೋಕಾಗೋದು ಒಬ್ಬನಿಗೇ. ಆ ಮಾತು ಈಗ ತಾನೇ ಅವನ ಬಾಯಿಂದಲೇ ಬಂತು."

ಗನೇಸಿ ಕಾಕಾ ಪುಸ್ತಕ ಮುಚ್ಚಿದರು.

"ಅಸಲಿ ತುಂಡನ್ನ ನೀನು ಗುಜರಿಗೆ ಹಾಕಿರಲ್ಲ," ಎಂದರು ಚಾಚಾ, ದನಿ ತಗ್ಗಿಸಿ. "ಅಷ್ಟು ಚೆನ್ನಾಗಿ ಕೂತ ಕೆಲಸ ಎಸೆಯೋ ಕೈ ಅಲ್ಲ ನಿಂದು."

ಕಾಕಾ ತಾವೇ ಅಳತೆಯ ಗೇಜುಗಳ ಡ್ರಾಯರ್ ಎಳೆದರು. ಗ್ರೀಸ್ ಕಾಗದದಲ್ಲಿ ಸುತ್ತಿದ ಜೋಡಿ ಅಲ್ಲಿತ್ತು. ಕುಳಿಯೊಳಗೂ ಎಣ್ಣೆಯಿಂದ ಕಪ್ಪಾದ ಒಂದನೇ ನಂಬರು. ಸಂದಿನಲ್ಲಿ ಬೆಳಕಿನ ಎಳೆಯೂ ಇರಲಿಲ್ಲ.

"ಏಳು ವರ್ಷ ದುಡಿದವನಿಗೆ ಯಾವ ಕೋರ್ಟೂ ಏನೂ ಹೇಳ್ಲಿಲ್ವಲ್ಲ," ಎಂದರು ಕಾಕಾ.

ರಾಮ್‌ಫೇರ್ ಮಾವನ ಮುಖ ನೋಡಲಿಲ್ಲ. ತನಗೆ ಇದು ಗೊತ್ತಿರಲಿಲ್ಲ, ಹೀಗೆ ಸಿಗುವ ಕೆಲಸ ತನಗೆ ಬೇಡ ಎಂದಷ್ಟೇ ಹೇಳಿದ. ಪರೀಕ್ಷಕರು ಅಳೆದರು. ಇಬ್ಬರಿಗೂ ಸಮ ಅಂಕ. ಕಾನೂನಿನಂತೆ ಹುದ್ದೆ ಶಿವಬರನ್‌ಗೆ ಹೋಯಿತು. ಕಾಕಾ ಅಮಾನತ್ತಾದರು.

ನನ್ನ ಸಿಟ್ಟು ಮಾತ್ರ ಇಳಿಯಲಿಲ್ಲ. ಒಂದೇ ರೊಟ್ಟಿ ಎಸೆದು ಇಬ್ಬರನ್ನು ಕಚ್ಚಾಡಲು ಬಿಟ್ಟವರಿಗೆ ಯಾವ ಅಮಾನತ್ತೂ ಆಗಲಿಲ್ಲ. ಅದನ್ನು ಚಾಚಾಗೆ ಹೇಳಿದೆ. ಅವರು ಕಾಗದ, ಪೆನ್ನು ತಂದು ನನ್ನ ಮುಂದಿಟ್ಟರು. ದಿನಗೂಲಿಯವರನ್ನು ಕಾಯಂ ಮಾಡಬೇಕೆಂಬ ಅರ್ಜಿ ಅಂದು ಮಧ್ಯಾಹ್ನವೇ ಸಿದ್ಧವಾಯಿತು. ಮೊದಲ ಸಹಿ ರಾಮ್‌ಫೇರನದು.

ಮರುದಿನ ಶಿವಬರನ್ ಹಾಜರಿ ಪುಸ್ತಕದಲ್ಲಿ ಮೊದಲ ಸಲ ಸಹಿ ಹಾಕಿದ. ಆಮೇಲೆ ಕುಲುಮೆಗೆ ಬಂದು, ಅರ್ಜಿಯಲ್ಲಿ ರಾಮ್‌ಫೇರನ ಹೆಸರಿನ ಕೆಳಗೆ ಎರಡನೇ ಸಹಿ ಹಾಕಿದ.